ಪ್ರಕರೀಪಾತ್ರದ ಗೌರವ: ಜೋನ್ ಹಿಕ್ಸನ್ ಎಂಬ ಆಂಗ್ಲ ನಟಿಯ ಕಲಾಜೀವನವಿಮರ್ಶೆ

೧. ವಿಷಯನಿರ್ದೇಶ

ನಾಟಕವಿಮರ್ಶೆಯಲ್ಲಿ ನಾಯಕನಾಯಿಕೆಯರ ಗುಣದೋಷಗಳನ್ನು ವಿವೇಚಿಸಿದ ಬರಹಗಳು ಹೇರಳವಾಗಿರುವುವು. ರಂಗದ ಮೇಲೆ ಕ್ಷಣಕಾಲ ನಿಂತು, ನಾಲ್ಕು ಮಾತನ್ನಾಡಿ, ಕಥೆಯ ಒಂದು ಗಂಟನ್ನು ಬಿಗಿದೋ ಬಿಡಿಸಿಯೋ ಹೊರಟುಹೋಗುವ ಕಿರಿಯ ಪಾತ್ರಗಳ ವಿಚಾರದಲ್ಲಿ ಮಾತ್ರ ವಿಮರ್ಶಕರು ಪ್ರಾಯಶಃ ಮೌನವನ್ನೇ ವಹಿಸಿರುವರು. ಅಂತಹ ಪಾತ್ರಗಳನ್ನು ವಹಿಸಿಯೇ ಆಯುಷ್ಯವನ್ನು ಸವೆಯಿಸಿದ ನಟನಟಿಯರ ಸಂಗತಿಯನ್ನಂತು ಹೇಳಬೇಕಾದುದೇ ಇಲ್ಲ. ಚಲಚ್ಚಿತ್ರದಲ್ಲಿ ಅವರ ಹೆಸರು ಪಟ್ಟಿಯ ಕೆಳಭಾಗದಲ್ಲಿ ಸಣ್ಣ ಅಕ್ಷರಗಳಲ್ಲಿ ತೋರಿ ಮರೆಯಾಗುವುದು. ಪ್ರೇಕ್ಷಕನು ಮುಖವನ್ನು ಗುರುತಿಸುವನು, ಹೆಸರನ್ನು ಅರಿಯನು.

ಇಂಗ್ಲೆಂಡಿನ ಜೋನ್ ಹಿಕ್ಸನ್ (೧೯೦೬–೧೯೯೮) ಎಂಬ ನಟಿಯ ಕಲಾಜೀವನವು ಈ ಮೌನವನ್ನು ಪರೀಕ್ಷಿಸುವುದಕ್ಕೆ ತಕ್ಕ ನಿದರ್ಶನವು. ೧೯೨೭ರಲ್ಲಿ ರಂಗಪ್ರವೇಶ ಮಾಡಿದಂದಿನಿಂದ ೧೯೮೪ರ ವರೆಗೆ, ಎಂದರೆ ೫೭ ವರ್ಷಗಳ ಕಾಲ, ಈಕೆ ಬಹುಮಟ್ಟಿಗೆ ಮನೆಗೆಲಸದವಳು, ಅಡಿಗೆಯವಳು, ಬಾಡಿಗೆ ಕೋಣೆಗಳ ಮನೆಯೊಡತಿ, ದಾದಿ, ಅತ್ತೆ, ತಾಯಿ ಮೊದಲಾದ ಉಪಪಾತ್ರಗಳನ್ನೇ ವಹಿಸಿದಳು. ಅನಂತರ, ೭೮ ವರ್ಷ ತುಂಬಿದ ಮೇಲೆ, ಬಿ.ಬಿ.ಸಿ. ಸಂಸ್ಥೆಯ ದೂರದರ್ಶನ ಮಾಲಿಕೆಯಲ್ಲಿ ಅಗಾಥಾ ಕ್ರಿಸ್ಟಿಯ ಮಿಸ್ ಮಾರ್ಪಲ್ ಎಂಬ ವೃದ್ಧೆಯ ಪ್ರಧಾನಪಾತ್ರವನ್ನು ಧರಿಸಿ ಲೋಕವಿಖ್ಯಾತಳಾದಳು.

ಇಲ್ಲಿ ಸಾಮಾನ್ಯವಾಗಿ ಕೇಳಿಬರುವ ಪೂರ್ವಪಕ್ಷವು ಇಂತಿರುವುದು: ‘ಈಕೆಯ ಮೊದಲ ಐವತ್ತೇಳು ವರ್ಷಗಳು ಕೇವಲ ಕಾಯುವಿಕೆ. ಯೋಗ್ಯತೆಯಿದ್ದರೂ ಅವಕಾಶವು ಬರಲಿಲ್ಲ. ಕಡೆಗೆ ದೈವವಶದಿಂದ ಬಂದಿತು. ಆದುದರಿಂದ ಆಕೆಯ ಕಲೆಯನ್ನು ಅಳೆಯುವುದಕ್ಕೆ ಕೊನೆಯ ಎಂಟು ವರ್ಷಗಳೇ ಸಾಕು. ಹಿಂದಿನದು ಚರಿತ್ರೆಯ ಅಡಿಟಿಪ್ಪಣಿ.’ ಈ ವಾದವು ಕರುಣೆಯ ವೇಷದಲ್ಲಿ ಬರುವುದರಿಂದ ಸುಲಭವಾಗಿ ಅಂಗೀಕೃತವಾಗುವುದು. ಆದರೆ ಇದರಲ್ಲಿ ಎರಡು ಅನ್ಯಾಯಗಳುಂಟು. ಉಪಪಾತ್ರಕ್ಕೆ ಸ್ವತಂತ್ರವಾದ ಕಲಾಮೌಲ್ಯವೇ ಇಲ್ಲವೆಂದಾಗುವುದು ಒಂದು. ಪ್ರಧಾನಪಾತ್ರದಲ್ಲಿ ಕಂಡ ಸಿದ್ಧಿಯು ಎಲ್ಲಿಂದ ಬಂದಿತೆಂಬುದು ಅರ್ಥವಾಗದೆ ಹೋಗುವುದು ಇನ್ನೊಂದು. ಉಪಪಾತ್ರಗಳ ಶಿಕ್ಷಣವೇ ಆ ಪ್ರಧಾನಪಾತ್ರದ ಜೀವವೆಂಬುದೂ, ಆ ಉಪಪಾತ್ರಗಳು ಅದಕ್ಕಾಗಿಯಲ್ಲದೆ ತಮ್ಮಷ್ಟಕ್ಕೇ ಗಣನೀಯವೆಂಬುದೂ ಮುಂದಿನ ವಿಚಾರದಿಂದ ತಿಳಿದುಬರುವುದು.

೨. ಜೀವನಸಂಗ್ರಹ

ಜೋನ್ ಹಿಕ್ಸನ್ ೧೯೦೬ನೆಯ ಆಗಸ್ಟ್ ೫ರಂದು ನಾರ್ಥಾಂಪ್ಟನ್ ಪಟ್ಟಣಕ್ಕೆ ಸೇರಿದ ಕಿಂಗ್ಸ್‌ಥಾರ್ಪ್ ಎಂಬಲ್ಲಿ ಜನಿಸಿದಳು. ಆ ಪಟ್ಟಣವು ಪಾದರಕ್ಷೆಗಳ ತಯಾರಿಕೆಗೆ ಹೆಸರಾದುದು. ಈಕೆಯ ತಂದೆಯೂ ಅದೇ ಉದ್ಯಮದವನು. ಲಂಡನ್ನಿನ ರಾಯಲ್ ಅಕಾಡೆಮಿ ಆಫ್ ಡ್ರಮ್ಯಾಟಿಕ್ ಆರ್ಟ್ ಎಂಬ ನಾಟ್ಯಶಾಲೆಯಲ್ಲಿ ಅಭ್ಯಾಸಮಾಡಿ, ೧೯೨೭ರಲ್ಲಿ ಊರೂರಿಗೆ ಸಂಚರಿಸುವ ನಾಟಕಮಂಡಲಿಯೊಂದರಲ್ಲಿ ಮೊದಲು ರಂಗವನ್ನೇರಿದಳು. ಮರುವರ್ಷ ಲಂಡನ್ನಿನ ರಂಗಮಂದಿರದಲ್ಲಿ ಕಾಣಿಸಿಕೊಂಡಳು. ಆಮೇಲೆ ಆಕ್ಸ್‌ಫರ್ಡಿನ ಪ್ಲೇಹೌಸ್ ನಾಟಕಶಾಲೆಯಲ್ಲಿ ಕೆಲವು ಕಾಲ ದುಡಿದಳು. ಅಲ್ಪಾವಧಿಯಲ್ಲಿ ನಾಟಕದಿಂದ ನಾಟಕಕ್ಕೆ ಬದಲಾಗುವ ಅಂತಹ ಶಾಲೆಗಳಲ್ಲಿ ನಟರಿಗೆ ವಯಸ್ಸು, ಜಾತಿ, ಅಂತಸ್ತುಗಳ ಭೇದವಿಲ್ಲದೆ ಎಲ್ಲ ಬಗೆಯ ಪಾತ್ರಗಳೂ ಬರುತ್ತಿದ್ದುವು. ೧೯೩೨ರಲ್ಲಿ ವೈದ್ಯನೊಬ್ಬನನ್ನು ವಿವಾಹವಾಗಿ, ಇಬ್ಬರು ಮಕ್ಕಳ ತಾಯಿಯಾಗಿ, ಎಸೆಕ್ಸ್ ಪ್ರಾಂತದ ವೈವೆನ್‌ಹೋ ಎಂಬ ನದೀತೀರದ ಊರಿನಲ್ಲಿ ಬಹುಕಾಲ ನೆಲಸಿದ್ದಳು. ೧೯೯೮ನೆಯ ಅಕ್ಟೋಬರ್ ೧೭ರಂದು, ೯೨ನೆಯ ವಯಸ್ಸಿನಲ್ಲಿ, ಕಾಲ್ಚೆಸ್ಟರಿನಲ್ಲಿ ಮೃತಳಾದಳು. ಕಲಾವಿಮರ್ಶೆಗೆ ಬೇಕಾದ ಜೀವನವೃತ್ತಾಂತವು ಇಷ್ಟೆ.

೩. ಪತಾಕೆ ಮತ್ತು ಪ್ರಕರಿ

ಉಪಪಾತ್ರದ ಬೆಲೆಯನ್ನು ನಿರ್ಣಯಿಸುವುದಕ್ಕೆ ಸಂಸ್ಕೃತ ನಾಟ್ಯಶಾಸ್ತ್ರಕಾರರ ಒಂದು ವಿಭಾಗವು ಬಹಳ ಉಪಕಾರಿಯಾಗಿರುವುದು. ನಾಟಕದ ಇತಿವೃತ್ತವು ಆಧಿಕಾರಿಕವೆಂದೂ ಪ್ರಾಸಂಗಿಕವೆಂದೂ ಎರಡು ವಿಧ. ಫಲಕ್ಕೆ ಒಡೆಯನಾದ ನಾಯಕನ ಕಥೆಯು ಆಧಿಕಾರಿಕ. ಅದಕ್ಕೆ ಉಪಕಾರಕವಾಗಿ ಬಂದ ಕಥೆಯು ಪ್ರಾಸಂಗಿಕ. ಈ ಎರಡನೆಯದರಲ್ಲಿ ದೂರದವರೆಗೆ ಹಬ್ಬಿ ನಡೆಯುವುದು ಪತಾಕೆ. ಒಂದು ಪ್ರದೇಶದಲ್ಲಿ ಮಾತ್ರ ತೋರಿ ನಿಲ್ಲುವುದು ಪ್ರಕರಿ. ರಾಮಕಥೆಯಲ್ಲಿ ಸುಗ್ರೀವನ ವೃತ್ತಾಂತವನ್ನು ಪತಾಕೆಗೂ, ಜಟಾಯುವಿನ ವೃತ್ತಾಂತವನ್ನು ಪ್ರಕರಿಗೂ ಉದಾಹರಿಸುವುದು ರೂಢಿ. ಪ್ರಕರಿಯ ಲಕ್ಷಣವನ್ನು ಸಾಹಿತ್ಯದರ್ಪಣಕಾರನಾದ ವಿಶ್ವನಾಥನು ಸ್ಪಷ್ಟಪಡಿಸಿರುವನು: ಪ್ರಕರಿಯ ನಾಯಕನಿಗೆ ತನ್ನದೆಂಬ ಬೇರೆ ಫಲವಿಲ್ಲ. ಸುಗ್ರೀವನಿಗೆ ರಾಜ್ಯವು ದೊರೆಯಿತು. ಜಟಾಯುವಿಗೆ ಅಂತಹದೇನೂ ದೊರೆಯಲಿಲ್ಲ. ಆದರೂ ಜಟಾಯುವನ್ನು ಮರೆತವರು ಯಾರೂ ಇಲ್ಲ.

ಫಲವಿಲ್ಲವೆಂದ ಮಾತ್ರಕ್ಕೆ ಪ್ರಯೋಜನವಿಲ್ಲವೆಂದಾಗಲಿಲ್ಲ. ಅಭಿಜ್ಞಾನಶಾಕುಂತಲದ ಆರನೆಯ ಅಂಕದ ಆರಂಭದಲ್ಲಿ ಬರುವ ಬೆಸ್ತನನ್ನು ನೆನೆಯಬಹುದು. ಅವನಿಗೆ ಹೆಸರೂ ಇಲ್ಲ. ಮೀನಿನ ಹೊಟ್ಟೆಯಲ್ಲಿ ಸಿಕ್ಕಿದ ಉಂಗುರವನ್ನು ಮಾರಹೋಗಿ, ಕಳ್ಳನೆಂದು ಹಿಡಿಸಿಕೊಂಡು, ರಕ್ಷಕಭಟರಿಂದ ಹೊಡೆತವನ್ನೂ ಹಾಸ್ಯವನ್ನೂ ಸಹಿಸಿ, ಕಡೆಗೆ ಬಹುಮಾನ ಪಡೆದು ತೆರಳುವನು. ಅವನು ಬಾರದಿದ್ದರೆ ದುಷ್ಯಂತನಿಗೆ ಸ್ಮೃತಿಯಿಲ್ಲ, ಶಕುಂತಲೆಗೆ ಪುನಃಪ್ರಾಪ್ತಿಯಿಲ್ಲ. ಅದಕ್ಕಿಂತಲೂ ಮುಖ್ಯವಾದುದೆಂದರೆ, ಆಶ್ರಮ ಅರಮನೆಗಳಲ್ಲಿಯೇ ಸಂಚರಿಸುತ್ತಿದ್ದ ಕಥೆಗೆ ಅವನು ಬೀದಿಯ ಗಾಳಿಯನ್ನು ತರುವನು. ತನ್ನ ಕುಲವೃತ್ತಿಯನ್ನು ಹೀಗಳೆದವರಿಗೆ ಅವನು ಕೊಡುವ ಉತ್ತರದಲ್ಲಿ ಒಂದು ಸಮಗ್ರ ಜೀವನವು ಕಾಣುವುದು.

ಇದರಿಂದ ಪ್ರಕರೀಪಾತ್ರವನ್ನು ವಹಿಸುವ ನಟನಿಗೆ ಬೇಕಾದ ಮೂರು ಗುಣಗಳು ಸಿದ್ಧವಾಗುವುವು. ಪಾತ್ರದ ಹಿಂದಿರುವ ಜೀವನವನ್ನು ಅತ್ಯಲ್ಪ ಕಾಲದಲ್ಲಿ ಸೂಚಿಸಬಲ್ಲ ಸಂಕ್ಷೇಪಶಕ್ತಿಯು ಮೊದಲನೆಯದು. ಪ್ರಧಾನರಸಕ್ಕೆ ಅಂಗವಾಗಿ ನಿಲ್ಲುವ ಸಂಯಮವು ಎರಡನೆಯದು. ನಾಯಿಕೆಯು ಅಳುತ್ತಿರುವಾಗ ಪಕ್ಕದ ದಾಸಿಯು ಪ್ರೇಕ್ಷಕರನ್ನು ನಗಿಸಿದರೆ ಆ ದಾಸಿಯ ನಟನೆ ಎಷ್ಟು ಸೊಗಸಾದರೂ ದೋಷವೇ ಸರಿ. ತನಗೆ ಮಾತಿಲ್ಲದ ಕಾಲದಲ್ಲಿಯೂ ಇತರರ ಮಾತನ್ನು ನಿಜವಾಗಿ ಕೇಳುವ ಅವಧಾನವು ಮೂರನೆಯದು. ಹಿಕ್ಸನ್ನಳ ಚಿತ್ರಗಳನ್ನು ಈ ಮೂರರಿಂದ ಪರೀಕ್ಷಿಸಬೇಕಾಗಿರುವುದು.

೪. ಉಪಪಾತ್ರಗಳ ಪರೀಕ್ಷೆ

ಈಕೆಯು ಚಲಚ್ಚಿತ್ರಕ್ಕೆ ಬಂದುದು ೧೯೩೪ರಲ್ಲಿ. ೧೯೩೭ರ ‘ಲವ್ ಫ್ರಮ್ ಎ ಸ್ಟ್ರೇಂಜರ್’ ಎಂಬ ಚಿತ್ರದಲ್ಲಿ ಎಮ್ಮಿ ಎಂಬ ಮನೆಗೆಲಸದ ಹುಡುಗಿಯಾಗಿ ನಟಿಸಿದಳು. ಅಪರಿಚಿತನೊಬ್ಬನನ್ನು ಮದುವೆಯಾಗಿ, ಅವನು ಕೊಲೆಗಾರನಿರಬಹುದೆಂದು ಕ್ರಮೇಣ ಅರಿಯುವ ಹೆಂಗಸಿನ ಕಥೆಯದು. ಮೂಲವು ಅಗಾಥಾ ಕ್ರಿಸ್ಟಿಯ ಒಂದು ಸಣ್ಣ ಕಥೆ. ಮುಂದೆ ಸುಮಾರು ಐವತ್ತು ವರ್ಷಗಳಾದ ಮೇಲೆ ಕ್ರಿಸ್ಟಿಯ ಪ್ರಧಾನಪಾತ್ರವನ್ನು ಧರಿಸಬೇಕಾಗಿದ್ದವಳು ಆ ಲೇಖಕಿಯ ಲೋಕವನ್ನು ಹೊಕ್ಕುದು ಹೀಗೆ ಅಡಿಗೆಮನೆಯ ಬಾಗಿಲಿನಿಂದ. ಎಮ್ಮಿಯ ಪಾತ್ರವು ಹಾಸ್ಯಕ್ಕಾಗಿ ಇಟ್ಟುದೇ ಆದರೂ, ಮನೆಯಲ್ಲಿ ಭಯವು ಹೆಚ್ಚುತ್ತಿರುವಾಗ ಅದರ ಅರಿವೇ ಇಲ್ಲದ ಒಬ್ಬಳು ಅಲ್ಲಿ ಓಡಾಡುತ್ತಿರುವುದರಿಂದ ಭಯವು ಇಮ್ಮಡಿಯಾಗುವುದು. ಹಾಸ್ಯವು ಭಯಾನಕಕ್ಕೆ ಅಂಗವಾಗುವ ಕ್ರಮಕ್ಕೆ ಇದು ಉದಾಹರಣೆ.

೧೯೫೦ರಲ್ಲಿ ಬೌಲ್ಟಿಂಗ್ ಸೋದರರು ತಯಾರಿಸಿದ ‘ಸೆವೆನ್ ಡೇಸ್ ಟು ನೂನ್’ ಎಂಬ ಚಿತ್ರವು ಈಕೆಯ ಪ್ರಕರೀಪಾತ್ರಗಳ ಪೈಕಿ ಅಗ್ರಗಣ್ಯವೆನಿಸತಕ್ಕುದನ್ನು ಒಳಗೊಂಡಿರುವುದು. ಅಣ್ವಸ್ತ್ರನಿರ್ಮಾಣವನ್ನು ನಿಲ್ಲಿಸದಿದ್ದರೆ ಒಂದು ವಾರದೊಳಗೆ ಲಂಡನ್ ನಗರವನ್ನೇ ಸ್ಫೋಟಿಸುವೆನೆಂದು ಸರ್ಕಾರಕ್ಕೆ ಪತ್ರ ಬರೆದ ವಿಜ್ಞಾನಿಯೊಬ್ಬನು, ಚೀಲದಲ್ಲಿ ಆ ಅಸ್ತ್ರವನ್ನೇ ಹೊತ್ತು, ಬಾಡಿಗೆಯ ಕೋಣೆಯೊಂದರಲ್ಲಿ ತಲೆಮರೆಸಿಕೊಳ್ಳುವನು. ಆ ಮನೆಯೊಡತಿ ಮಿಸೆಸ್ ಪೆಕೆಟ್ ಎಂಬವಳೇ ಹಿಕ್ಸನ್. ರಾತ್ರಿಯೆಲ್ಲ ಕೋಣೆಯಲ್ಲಿ ಅವನು ಶತಪಥ ಹಾಕುವ ಸದ್ದು ಅವಳಲ್ಲಿ ಶಂಕೆಯನ್ನು ಹುಟ್ಟಿಸುವುದು. ಅವಳ ಶಂಕೆಯಾದರೋ ತನ್ನೊಬ್ಬಳ ಪ್ರಾಣದ ವಿಷಯವಾದುದು. ಲಕ್ಷಾಂತರ ಜನರ ಮೃತ್ಯುವು ಮಹಡಿಯ ಮೇಲೆ ನಡೆದಾಡುತ್ತಿರುವಾಗ ಕೆಳಗಿರುವವಳು ತನ್ನ ಮನೆ, ತನ್ನ ಬೆಕ್ಕುಗಳು, ತನ್ನ ಭಯ ಎಂಬಷ್ಟರಲ್ಲಿಯೇ ಇರುವಳು. ಇದನ್ನು ಕೀಳು ಹಾಸ್ಯವಾಗಿ ತೋರಿಸುವುದು ಸುಲಭವಾಗಿದ್ದಿತು. ಹಿಕ್ಸನ್ ಹಾಗೆ ಮಾಡಲಿಲ್ಲ. ಆಕೆಯ ಭಯವು ನಿಜವಾದ ಭಯ. ಮಹಾವಿಪತ್ತಿನ ಮುಂದೆ ಸಾಮಾನ್ಯ ಮನುಷ್ಯನ ಅಳತೆ ಎಷ್ಟೆಂಬುದನ್ನು ಆ ಕೆಲವು ನಿಮಿಷಗಳು ಪ್ರಧಾನಕಥೆಗಿಂತಲೂ ಚೆನ್ನಾಗಿ ತಿಳಿಸುವುವು. ಸಂಕ್ಷೇಪಶಕ್ತಿಗೂ ಸಂಯಮಕ್ಕೂ ಇದಕ್ಕಿಂತ ಬೇರೆ ಸಾಕ್ಷ್ಯವು ಬೇಕಿಲ್ಲ.

೧೯೫೪ರ ‘ಡಾಕ್ಟರ್ ಇನ್ ದಿ ಹೌಸ್’ ಚಿತ್ರದಲ್ಲಿ ಮತ್ತೆ ಬಾಡಿಗೆ ಮನೆಯೊಡತಿ. ೧೯೬೩ರಿಂದ ೧೯೬೬ರ ವರೆಗೆ ನಡೆದ ‘ಅವರ್ ಮ್ಯಾನ್ ಅಟ್ ಸೇಂಟ್ ಮಾರ್ಕ್ಸ್’ ಎಂಬ ದೂರದರ್ಶನ ಮಾಲಿಕೆಯಲ್ಲಿ ಪಾದ್ರಿಯ ಮನೆವಾರ್ತೆಯನ್ನು ನೋಡಿಕೊಳ್ಳುವ ಮಿಸೆಸ್ ಪೀಸ್. ಇವುಗಳ ನಡುವೆ ಇಂತಹವೇ ಅನೇಕ. ಪಾತ್ರಗಳ ಜಾತಿ ಒಂದೇ ಆದರೂ ವ್ಯಕ್ತಿ ಬೇರೆ ಬೇರೆ.

ರಂಗಭೂಮಿಯಲ್ಲಿ ಈಕೆಗೆ ಇನ್ನೂ ಗಂಭೀರವಾದ ಅವಕಾಶಗಳು ದೊರೆತುವು. ಪೀಟರ್ ನಿಕೊಲ್ಸ್ ಬರೆದ ‘ಎ ಡೇ ಇನ್ ದಿ ಡೆತ್ ಆಫ್ ಜೋ ಎಗ್’ (೧೯೬೭) ಎಂಬ ನಾಟಕದಲ್ಲಿ ಮಾತನಾಡಲಾರದ, ನಡೆಯಲಾರದ ಮಗುವೊಂದನ್ನು ಸಾಕುತ್ತಿರುವ ದಂಪತಿಗಳ ಸಂಕಟವು ವಸ್ತು. ಎರಡನೆಯ ಅಂಕದಲ್ಲಿ ಬರುವ ಗ್ರೇಸ್ ಎಂಬ ಅಜ್ಜಿಯೇ ಹಿಕ್ಸನ್. ೧೯೭೨ರಲ್ಲಿ ತೆರೆಗೆ ಬಂದ ಚಲಚ್ಚಿತ್ರದಲ್ಲಿಯೂ ಆ ಪಾತ್ರವು ಈಕೆಯದೇ. ಮಗನ ಮೇಲಿನ ಅತಿಪ್ರೀತಿ, ಸೊಸೆಯ ಮೇಲಿನ ಅಸಮಾಧಾನ, ಮೊಮ್ಮಗಳ ವಿಷಯದಲ್ಲಿ ಏನು ಹೇಳಬೇಕೆಂದು ತಿಳಿಯದ ತಳಮಳ ಇವು ಮೂರೂ ಆ ಮುದುಕಿಯ ಸಾಧಾರಣ ಮಾತುಗಳಲ್ಲಿ ಒಂದರೊಡನೊಂದು ಹೆಣೆದುಕೊಂಡಿರುವುವು. ಅವಳು ದುಷ್ಟಳಲ್ಲ, ಆದರೂ ಅವಳ ಒಂದೊಂದು ಮಾತೂ ನೋಯಿಸುವುದು. ನೋಯಿಸುತ್ತಿರುವೆನೆಂಬ ಅರಿವಿಲ್ಲದೆ ಮಾತನಾಡುವವಳಂತೆ ನಟಿಸುವುದು ಅರಿವುಳ್ಳ ನಟಿಗೆ ಮಾತ್ರ ಸಾಧ್ಯವು.

ಅಲನ್ ಏಕ್‌ಬೋರ್ನ್ ರಚಿಸಿದ ‘ಬೆಡ್‌ರೂಮ್ ಫಾರ್ಸ್’ ನಾಟಕವು ೧೯೭೭ರಲ್ಲಿ ಲಂಡನ್ನಿನ ನ್ಯಾಷನಲ್ ಥಿಯೇಟರಿನಲ್ಲಿ ಪ್ರಯೋಗವಾಯಿತು. ಅದರಲ್ಲಿ ಹಿಕ್ಸನ್ನಳದು ಡೀಲಿಯಾ ಎಂಬ ವೃದ್ಧಪತ್ನಿಯ ಪಾತ್ರ. ಕಿರಿಯ ದಂಪತಿಗಳು ಮೂರು ಶಯ್ಯಾಗೃಹಗಳಲ್ಲಿ ರಾತ್ರಿಯಿಡೀ ಕಲಹ ಸಂಭ್ರಮಗಳಿಂದ ಗದ್ದಲವೆಬ್ಬಿಸುತ್ತಿರಲು, ಡೀಲಿಯಾ ಮತ್ತು ಅವಳ ಪತಿ ಅರ್ನೆಸ್ಟ್ ಹಾಸಿಗೆಯಲ್ಲಿ ಕುಳಿತು ಮೀನು ಹಚ್ಚಿದ ರೊಟ್ಟಿಯನ್ನು ತಿನ್ನುವರು. ದೀರ್ಘದಾಂಪತ್ಯದ ನಿಶ್ಚಿಂತೆಯು ಇಷ್ಟರಲ್ಲಿಯೇ ಪ್ರತ್ಯಕ್ಷವಾಗುವುದು. ಈ ನಾಟಕವು ನ್ಯೂಯಾರ್ಕಿಗೆ ಹೋದಾಗ, ೧೯೭೯ರಲ್ಲಿ, ಡೀಲಿಯಾಳ ಪಾತ್ರಕ್ಕಾಗಿ ಹಿಕ್ಸನ್ನಳಿಗೂ ಅರ್ನೆಸ್ಟನ ಪಾತ್ರಕ್ಕಾಗಿ ಮೈಕೇಲ್ ಗಫ್ ಎಂಬ ನಟನಿಗೂ ಪೋಷಕಪಾತ್ರಗಳ ವರ್ಗದಲ್ಲಿ ಟೋನಿ ಬಹುಮಾನವು ಬಂದಿತು. ಮಾರ್ಪಲ್ ಪಾತ್ರಕ್ಕೆ ಐದು ವರ್ಷಗಳ ಮೊದಲೇ, ಉಪಪಾತ್ರಕ್ಕಾಗಿಯೇ, ಉಪಪಾತ್ರವೆಂದೇ ದೊರೆತ ಈ ಮನ್ನಣೆಯನ್ನು ಪೂರ್ವಪಕ್ಷದವರು ಗಮನಿಸಬೇಕು. ೧೯೮೧ರಲ್ಲಿ ಬಿ.ಬಿ.ಸಿ.ಯವರು ತೆಗೆದ ಡಿಕನ್ಸನ ‘ಗ್ರೇಟ್ ಎಕ್ಸ್‌ಪೆಕ್ಟೇಷನ್ಸ್’ ಮಾಲಿಕೆಯಲ್ಲಿ ಮದುವೆಯ ಉಡುಪಿನಲ್ಲಿಯೇ ಮುಪ್ಪಾದ ಮಿಸ್ ಹ್ಯಾವಿಶ್ಯಾಮಳನ್ನೂ ಈಕೆಯೇ ಅಭಿನಯಿಸಿದಳು.

೫. ದೋಷವಿಚಾರ

ಗುಣಪಕ್ಷಪಾತದಿಂದ ದೋಷವನ್ನು ಮುಚ್ಚುವುದು ವಿಮರ್ಶಕಧರ್ಮವಲ್ಲ. ೧೯೫೯ರಿಂದ ೧೯೭೩ರ ವರೆಗೆ ‘ಕ್ಯಾರಿ ಆನ್’ ಎಂಬ ಹಾಸ್ಯಚಿತ್ರಗಳ ಪರಂಪರೆಯಲ್ಲಿ ಹಿಕ್ಸನ್ ಐದರಲ್ಲಿ ಕಾಣಿಸಿಕೊಂಡಿರುವಳು: ಒಂದರಲ್ಲಿ ಆಸ್ಪತ್ರೆಯ ಹಿರಿಯ ದಾದಿ, ಇನ್ನೊಂದರಲ್ಲಿ ಮೇಟ್ರನ್, ಮತ್ತೊಂದರಲ್ಲಿ ಪೊಲೀಸ್ ಠಾಣೆಗೆ ಬರುವ ಕುಡುಕ ಗೃಹಿಣಿ. ಈ ಚಿತ್ರಗಳ ಹಾಸ್ಯವು ಬಹುಮಟ್ಟಿಗೆ ಶ್ಲೇಷೆಯನ್ನೂ ಅಶ್ಲೀಲಸೂಚನೆಯನ್ನೂ ನಂಬಿದುದು. ವ್ಯಕ್ತಿಗಳು ಇಲ್ಲಿ ಅಚ್ಚಿನಲ್ಲಿ ಎರಕಹೊಯ್ದ ಗೊಂಬೆಗಳು. ಈಕೆಯು ಅಲ್ಲಿ ಅಚ್ಚುಕಟ್ಟಾಗಿ ಕೆಲಸಮಾಡಿರುವಳು. ಅದಕ್ಕಿಂತ ಹೆಚ್ಚಾಗಿ ಹೇಳುವಂತಹುದಿಲ್ಲ. ಬೇರೆ ಚಿತ್ರಗಳಲ್ಲಿಯೂ ಬಾಯಿಬಡುಕ ಮನೆಯೊಡತಿಯೆಂಬ ಅಚ್ಚು ಪದೇ ಪದೇ ಬಂದು, ಆಕೆಯ ಉಚ್ಚಾರಣೆಯ ಚಾತುರ್ಯವೊಂದನ್ನೇ ಬಳಸಿಕೊಂಡಿರುವುದು ಕಂಡುಬರುವುದು.

ಆದರೆ ಈ ದೋಷದ ಮೂಲವು ನಟಿಯಲ್ಲಿಲ್ಲ. ಆ ಕಾಲದ ಆಂಗ್ಲ ಚಿತ್ರಕಥೆಗಳಲ್ಲಿ ನಾಯಿಕೆಯಾಗುವಷ್ಟು ಸುಂದರಿಯೆಂದು ಎಣಿಕೆಗೆ ಬಾರದ, ಯೌವನವನ್ನು ದಾಟಿದ ಹೆಂಗಸಿಗೆ ಇದ್ದ ಸ್ಥಾನಗಳೇ ಅಷ್ಟು: ಸೇವಕಿ, ಒಡತಿ, ದಾದಿ, ಅತ್ತೆ. ಅದೇ ವಯಸ್ಸಿನ ಗಂಡಸಿಗೆ ನ್ಯಾಯಾಧೀಶ, ಸೇನಾನಿ, ಮಂತ್ರಿ, ವಿಜ್ಞಾನಿ ಎಂದು ಹತ್ತು ಬಾಗಿಲುಗಳು ತೆರೆದಿದ್ದುವು. ಕೆಲಸದ ಜನರ ಮಾತು ಮೇಲ್ವರ್ಗದ ಪ್ರೇಕ್ಷಕನಿಗೆ ನಗುವಿನ ಸರಕೆಂಬ ಭಾವನೆಯೂ ಜೊತೆಗಿದ್ದಿತು. ಇಂತಹ ಇಕ್ಕಟ್ಟಿನಲ್ಲಿ ಒಬ್ಬಳು ಅಚ್ಚನ್ನು ಮುರಿದು ವ್ಯಕ್ತಿಯನ್ನು ತೋರಿಸಿದ ಸಂದರ್ಭಗಳೆಷ್ಟು ಎಂಬುದೇ ವಿಮರ್ಶೆಯ ಪ್ರಶ್ನೆಯಾಗಬೇಕು. ಅಚ್ಚಿನೊಳಗೆ ನಿಂತ ಸಂದರ್ಭಗಳೆಷ್ಟು ಎಂಬುದಲ್ಲ.

೬. ಮಿಸ್ ಮಾರ್ಪಲ್

ಕ್ರಿಸ್ಟಿಯ ‘ಅಪಾಯಿಂಟ್‌ಮೆಂಟ್ ವಿತ್ ಡೆತ್’ ಎಂಬ ನಾಟಕವು ೧೯೪೫ರಲ್ಲಿ ಲಂಡನ್ನಿನಲ್ಲಿ ಪ್ರಯೋಗವಾದಾಗ ಹಿಕ್ಸನ್ ಅದರಲ್ಲಿ ಮಿಸ್ ಪ್ರೈಸ್ ಎಂಬ ಚಿಕ್ಕ ಪಾತ್ರವನ್ನು ವಹಿಸಿದ್ದಳು. ಅದನ್ನು ಕಂಡ ಲೇಖಕಿಯು, ಮುಂದೆ ಎಂದಾದರೂ ಈಕೆ ತನ್ನ ಮಾರ್ಪಲಳ ಪಾತ್ರವನ್ನು ಧರಿಸಬೇಕೆಂಬ ಆಸೆಯನ್ನು ಚೀಟಿಯೊಂದರಲ್ಲಿ ಬರೆದು ತಿಳಿಸಿದಳೆಂಬುದು ಪ್ರಸಿದ್ಧವಾದ ಸಂಗತಿ. ಆಗ ಹಿಕ್ಸನ್ನಳಿಗೆ ನಲವತ್ತರ ಹತ್ತಿರದ ವಯಸ್ಸು. ಲೇಖಕಿಯು ಕಂಡುದು ಮುಪ್ಪನ್ನಲ್ಲ, ನಾಯಿಕೆಯ ತೇಜಸ್ಸನ್ನೂ ಅಲ್ಲ. ಚಿಕ್ಕ ಪಾತ್ರದಲ್ಲಿ ನಿಂತ ಒಬ್ಬಳ ಅವಧಾನವನ್ನು. ಕ್ರಿಸ್ಟಿ ೧೯೭೬ರಲ್ಲಿ ಮೃತಳಾದುದರಿಂದ ತನ್ನ ಆಸೆ ಫಲಿಸಿದುದನ್ನು ನೋಡಲಿಲ್ಲ.

ಮಧ್ಯದಲ್ಲಿ ಇನ್ನೊಂದು ಸಂಗತಿ ನಡೆಯಿತು. ೧೯೬೧ರಲ್ಲಿ ‘ಮರ್ಡರ್ ಶೀ ಸೆಡ್’ ಎಂಬ ಚಲಚ್ಚಿತ್ರವು ಬಂದಿತು. ಅದರ ಮೂಲವು ‘೪.೫೦ ಫ್ರಮ್ ಪ್ಯಾಡಿಂಗ್ಟನ್’ ಎಂಬ ಮಾರ್ಪಲ್ ಕಾದಂಬರಿ. ಮಾರ್ಪಲ್ ಆದವಳು ಮಾರ್ಗರೆಟ್ ರುದರ್‌ಫರ್ಡ್. ಆ ಚಿತ್ರದ ಅಡಿಗೆಮನೆಯಲ್ಲಿ ಮಿಸೆಸ್ ಕಿಡರ್ ಎಂಬ ಕೆಲಸದವಳಾಗಿ ನಿಂತವಳು ಹಿಕ್ಸನ್. ಅದೇ ಕಾದಂಬರಿಯನ್ನು ಬಿ.ಬಿ.ಸಿ.ಯವರು ೧೯೮೭ರಲ್ಲಿ ಚಿತ್ರಿಸಿದಾಗ ಹಿಕ್ಸನ್ನಳೇ ಮಾರ್ಪಲ್. ಒಂದೇ ಕಥೆಯ ಅಡಿಗೆಮನೆಯಿಂದ ನಡುಮನೆಗೆ ಬರುವುದಕ್ಕೆ ೨೬ ವರ್ಷಗಳು ಬೇಕಾದುವು.

ರುದರ್‌ಫರ್ಡಳು ಮಾರ್ಪಲ್ ಆದ ನಾಲ್ಕು ಚಿತ್ರಗಳೊಡನೆ ಹಿಕ್ಸನ್ನಳದನ್ನು ಹೋಲಿಸುವುದು ವಾಡಿಕೆ. ಈ ಹೋಲಿಕೆಯಲ್ಲಿ ಔಚಿತ್ಯವನ್ನು ಮರೆಯಬಾರದು. ರುದರ್‌ಫರ್ಡಳದು ಸ್ಥೂಲಕಾಯ, ಗದರುವ ಕಂಠ, ಅದಮ್ಯವಾದ ಉತ್ಸಾಹ. ಅಲ್ಲಿ ಹಾಸ್ಯವೇ ಅಂಗಿರಸವು. ನಾಲ್ಕರಲ್ಲಿ ಮೊದಲನೆಯದು ಮಾತ್ರ ಮಾರ್ಪಲ್ ಕಾದಂಬರಿಯನ್ನು ಆಧರಿಸಿದುದು; ಮುಂದಿನ ಎರಡು ಪ್ವಾರೋ ಎಂಬ ಬೇರೊಬ್ಬ ಪತ್ತೇದಾರನ ಕಾದಂಬರಿಗಳಿಂದ ಬಂದುವು; ಕೊನೆಯದು ಹೊಸದಾಗಿ ಕಲ್ಪಿಸಿದುದು. ಸ್ವತಃ ಕ್ರಿಸ್ಟಿಯೇ ೧೯೬೨ರ ತನ್ನ ಕಾದಂಬರಿಯೊಂದನ್ನು ರುದರ್‌ಫರ್ಡಳಿಗೆ ಮೆಚ್ಚುಗೆಯಿಂದ ಅರ್ಪಿಸಿರುವಳು. ಆದುದರಿಂದ ಒಬ್ಬಳನ್ನು ಹೊಗಳುವುದಕ್ಕೆ ಇನ್ನೊಬ್ಬಳನ್ನು ತೆಗಳಬೇಕಾದುದಿಲ್ಲ. ಕಾದಂಬರಿಯ ಮಾರ್ಪಲಳಿಗೆ ಸಮೀಪಳು ಯಾರೆಂಬ ಪ್ರಶ್ನೆಗೆ ಮಾತ್ರ ಉತ್ತರವು ಸಂಶಯರಹಿತವಾದುದು.

ಕಾದಂಬರಿಯ ಮಾರ್ಪಲ್ ಎಂತಹವಳು? ಸೇಂಟ್ ಮೇರಿ ಮೀಡ್ ಎಂಬ ಹಳ್ಳಿಯಲ್ಲಿರುವ ಅವಿವಾಹಿತ ವೃದ್ಧೆ. ಮೂಲೆಯ ಕುರ್ಚಿಯಲ್ಲಿ ಉಣ್ಣೆ ಹೆಣೆಯುತ್ತ ಕುಳಿತಿರುವವಳು. ಪೊಲೀಸಿನವರಿಗೆ ಅವಳು ಕಣ್ಣಿಗೇ ಬೀಳಳು. ಬಿದ್ದರೂ ಅಡ್ಡಿಯೆಂದು ಎಣಿಸುವರು. ಅವಳ ಶಕ್ತಿಯು ಯಾವುದೆಂದರೆ ಸಾದೃಶ್ಯಜ್ಞಾನ. ಶ್ರೀಮಂತರ ಮಹಲಿನಲ್ಲಿ ಕೊಲೆಯಾದಾಗ, ಅಲ್ಲಿಯ ಒಬ್ಬನ ನಡತೆಯು ತನ್ನ ಹಳ್ಳಿಯ ಯಾವನೋ ಅಂಗಡಿಯವನದೋ ಯಾವಳೋ ಕೆಲಸದ ಹುಡುಗಿಯದೋ ನಡತೆಯನ್ನು ಹೋಲುವುದನ್ನು ಅವಳು ಕಾಣುವಳು. ಆ ಹೋಲಿಕೆಯಿಂದ ಅನುಮಾನಕ್ಕೂ, ಅನುಮಾನದಿಂದ ನಿಶ್ಚಯಕ್ಕೂ ಸಾಗುವಳು. ಎಂದರೆ, ಕಥೆಗಳ ಅಂಚಿನಲ್ಲಿರುವ ಸಣ್ಣ ಮನುಷ್ಯರನ್ನೆಲ್ಲ ಆಮೂಲಾಗ್ರವಾಗಿ ಬಲ್ಲವಳೇ ಮಾರ್ಪಲ್. ಅವಳೂ ಅಂಚಿನಲ್ಲಿಯೇ ಇರುವವಳು. ಕೊಲೆಯಾದವರೂ ಕೊಂದವರೂ ಶಂಕಿತರೂ ಕಥೆಯ ನಡುವೆ ಇರುವರು. ಅವಳಿಗೆ ಅದರಿಂದ ಬರುವ ಸ್ವಂತ ಫಲವೊಂದೂ ಇಲ್ಲ. ಶಾಸ್ತ್ರದ ಮಾತಿನಲ್ಲಿ ಹೇಳುವುದಾದರೆ, ಪ್ರಕರಿಯನ್ನೇ ಪ್ರಧಾನಸ್ಥಾನದಲ್ಲಿ ಕುಳ್ಳಿರಿಸಿದ ವಿಚಿತ್ರವಾದ ಕಥಾರಚನೆಯಿದು.

ಇಂತಹ ಪಾತ್ರಕ್ಕೆ ನಾಯಿಕಾಪಾತ್ರಗಳಲ್ಲಿಯೇ ಬೆಳೆದ ನಟಿಯು ಬಂದರೆ ಒಂದು ಸಂಕಟವುಂಟಾಗುವುದು. ಅವಳು ಮೂಲೆಯಲ್ಲಿ ಕುಳಿತರೂ ದೃಷ್ಟಿಯೆಲ್ಲ ಅತ್ತಲೇ ಹರಿಯುವುದು. ಪ್ರೇಕ್ಷಕನಿಗೆ ಕಾಣುತ್ತಿರುವವಳು ಕಥೆಯೊಳಗಿನ ಜನರಿಗೆ ಏಕೆ ಕಾಣಲಿಲ್ಲವೆಂಬ ಪ್ರಶ್ನೆಯು ಹುಟ್ಟುವುದು. ಹಿಕ್ಸನ್ನಳಲ್ಲಿ ಈ ಪ್ರಶ್ನೆ ಹುಟ್ಟುವುದಿಲ್ಲ. ಸ್ಲ್ಯಾಕ್ ಎಂಬ ಇನ್‌ಸ್ಪೆಕ್ಟರನು ಅವಳನ್ನು ಗಣಿಸದೆ ಬೇರೆಯವರೊಡನೆ ಮಾತನಾಡುವಾಗ ಆಕೆ ನಿಜವಾಗಿಯೂ ಮರೆಯಾಗಬಲ್ಲಳು. ದೃಶ್ಯದ ಕೊನೆಯಲ್ಲಿ ಕ್ಯಾಮೆರಾ ಆಕೆಯ ಕಡೆಗೆ ತಿರುಗಿದಾಗ, ಅಷ್ಟು ಹೊತ್ತೂ ಎಲ್ಲವನ್ನೂ ಕೇಳುತ್ತಿದ್ದ ಎರಡು ಕಣ್ಣುಗಳು ಅಲ್ಲಿದ್ದುವೆಂದು ಪ್ರೇಕ್ಷಕನಿಗೆ ಹೊಳೆಯುವುದು. ಮರೆಯಾಗುವ ಈ ವಿದ್ಯೆಯನ್ನು ಯಾವ ನಾಟ್ಯಶಾಲೆಯೂ ಕಲಿಸುವುದಿಲ್ಲ. ಐವತ್ತು ವರ್ಷ ಇತರರ ದೃಶ್ಯಗಳಲ್ಲಿ ನಿಂತು, ಇತರರ ಮಾತನ್ನು ಕೇಳಿದವಳಿಗೆ ಅದು ಸ್ವಭಾವವಾಗಿರುವುದು. ಮಾರ್ಪಲಳು ಹೋಲಿಕೆಗೆ ಎತ್ತಿಕೊಳ್ಳುವ ಸೇವಕಿ, ಅಡಿಗೆಯವಳು, ಮನೆಯೊಡತಿ, ದಾದಿ ಮೊದಲಾದವರೆಲ್ಲರೂ ಹಿಕ್ಸನ್ ತಾನೇ ಆಗಿದ್ದವರು. ಆ ಹಳ್ಳಿಯನ್ನು ಆಕೆ ಬಾಯಿಪಾಠದಿಂದ ತಿಳಿದವಳಲ್ಲ. ಒಂದೊಂದು ಮನೆಯಲ್ಲಿಯೂ ವಾಸಮಾಡಿ ಬಂದವಳು.

ಅಭಿನಯವು ಆಂಗಿಕ, ವಾಚಿಕ, ಆಹಾರ್ಯ, ಸಾತ್ತ್ವಿಕವೆಂದು ನಾಲ್ಕು ವಿಧವಷ್ಟೆ. ಇವುಗಳಲ್ಲಿ ಸತ್ತ್ವವು ಮಿಗಿಲಾದ ಅಭಿನಯವೇ ಜ್ಯೇಷ್ಠವೆಂದು ಭರತನ ಮತ. ಮಾರ್ಪಲ್ ಮಾಲಿಕೆಯಲ್ಲಿ ಆಹಾರ್ಯವು ಮಿತವಾದುದು: ಒಂದು ಟೋಪಿ, ಒಂದು ಕೈಚೀಲ, ಸಾದಾ ಉಡುಪು. ಆಂಗಿಕವೂ ಅಲ್ಪವೇ, ಹೆಣಿಗೆಯ ಕೈಗಳು, ಸ್ವಲ್ಪ ವಾಲಿದ ತಲೆ. ವಾಚಿಕದಲ್ಲಿ ಮೆಲುದನಿ, ವಾಕ್ಯವು ಅರ್ಧದಲ್ಲಿ ನಿಂತು ಮತ್ತೆ ಮುಂದುವರಿಯುವುದು. ಉಳಿದುದೆಲ್ಲವೂ ದೃಷ್ಟಿಯಲ್ಲಿಯೇ. ನಾಟ್ಯಶಾಸ್ತ್ರವು ಮೂವತ್ತಾರು ಬಗೆಯ ದೃಷ್ಟಿಗಳನ್ನು ವಿವರಿಸಿದುದು ದೂರದಿಂದ ನೋಡುವ ಪ್ರೇಕ್ಷಕನಿಗಾಗಿ. ಮುಖವನ್ನು ಅತಿಸಮೀಪದಿಂದ ತೋರಿಸುವ ದೂರದರ್ಶನದಲ್ಲಿ ರೆಪ್ಪೆಯ ಅಲ್ಪ ಚಲನೆಗೂ ಅರ್ಥವುಂಟು. ಈ ಮಾಧ್ಯಮಕ್ಕೆ ಬೇಕಾದ ಮಿತಿಯು ಹಿಕ್ಸನ್ನಳಿಗೆ ಮೊದಲೇ ಸಿದ್ಧವಾಗಿದ್ದಿತು.

ಇನ್ನೊಂದು ಗುಣವನ್ನು ಹೇಳದೆ ಬಿಡಲಾಗದು. ಮಾರ್ಪಲಳನ್ನು ಮುದ್ದಿನ ಅಜ್ಜಿಯನ್ನಾಗಿ ಮಾಡುವುದು ಜನಪ್ರಿಯವಾದ ದಾರಿ. ಹಿಕ್ಸನ್ ಆ ದಾರಿಯನ್ನು ಹಿಡಿಯಲಿಲ್ಲ. ಪಾಪವು ಲೋಕದಲ್ಲಿ ನಿಜವಾಗಿಯೂ ಇದೆಯೆಂದೂ, ಕೊಂದವನು ದಂಡನೆಗೆ ಅರ್ಹನೆಂದೂ ಅವಳ ಮಾರ್ಪಲ್ ನಂಬಿರುವಳು. ‘ನೆಮೆಸಿಸ್’ ಕಾದಂಬರಿಯ ರೂಪಾಂತರದಲ್ಲಿ (೧೯೮೭) ಈ ಕಾಠಿಣ್ಯವು ಚೆನ್ನಾಗಿ ಕಾಣುವುದು. ನೆಮೆಸಿಸ್ ಎಂಬುದು ಗ್ರೀಕರಲ್ಲಿ ಪಾಪಕ್ಕೆ ಪ್ರತಿಫಲವನ್ನು ಕೊಡುವ ದೇವತೆ. ಆ ಹೆಸರು ಮೃದುವಾದ ಉಣ್ಣೆಯನ್ನು ಹೆಣೆಯುವ ಮುದುಕಿಗೆ ಸಲ್ಲುವುದೆಂಬುದೇ ಕ್ರಿಸ್ಟಿಯ ಕಲ್ಪನೆಯ ಚಮತ್ಕಾರ. ಸೌಮ್ಯತೆ ಕಾಠಿಣ್ಯಗಳೆರಡನ್ನೂ ಒಂದೇ ಮುಖದಲ್ಲಿ, ಒಂದನ್ನೊಂದು ಕೆಡಿಸದಂತೆ, ಈಕೆ ತೋರಿಸಿರುವಳು. ಈ ಮುಖವು ಕೆಲವರಿಗೆ ಶುಷ್ಕವೆನಿಸಬಹುದು; ಕೊಲೆಯನ್ನು ವಿನೋದವೆಂದು ಭಾವಿಸಿದವರಿಗೆ ಹಾಗೆ ಎನಿಸುವುದು ಸಹಜವೇ.

‘ದಿ ಬಾಡಿ ಇನ್ ದಿ ಲೈಬ್ರರಿ’ಯಿಂದ (೧೯೮೪) ‘ದಿ ಮಿರರ್ ಕ್ರ್ಯಾಕ್ಡ್ ಫ್ರಮ್ ಸೈಡ್ ಟು ಸೈಡ್’ವರೆಗೆ (೧೯೯೨) ಮಾರ್ಪಲ್ ಬರುವ ೧೨ ಕಾದಂಬರಿಗಳೂ ಹೀಗೆ ಚಿತ್ರಿತವಾದುವು. ಕೊನೆಯದು ಪ್ರಸ್ತುತವಾದಾಗ ಈಕೆಗೆ ೮೬ ವರ್ಷ. ೧೯೮೭ರಲ್ಲಿ ಬ್ರಿಟಿಷ್ ಸರ್ಕಾರದ ಓ.ಬಿ.ಇ. ಬಿರುದು ಬಂದಿತು.

೭. ಉಪಸಂಹಾರ

ಇಲ್ಲಿ ಒಂದು ಶಂಕೆಯು ಉಳಿಯುವುದು. ಉಪಪಾತ್ರಗಳು ಮಾರ್ಪಲಳನ್ನು ಸಿದ್ಧಪಡಿಸಿದುವೆಂದರೆ, ಅವುಗಳ ಬೆಲೆಯನ್ನು ಮತ್ತೆ ಮಾರ್ಪಲಳಿಂದಲೇ ಕಟ್ಟಿದಂತಾಗಲಿಲ್ಲವೆ? ಆಗಲಿಲ್ಲ. ಕಾರಣವು ಕಾರ್ಯಕ್ಕೆ ಉಪಕರಿಸಿದರೂ ಅದರ ಸ್ವರೂಪವು ಅಷ್ಟಕ್ಕೇ ಮುಗಿಯುವುದಿಲ್ಲ. ಮರವು ಹಣ್ಣನ್ನು ಕೊಡದ ವರ್ಷದಲ್ಲಿಯೂ ನೆರಳನ್ನು ಕೊಡುವುದು. ಒಂದುವೇಳೆ ಹಿಕ್ಸನ್ ೧೯೮೩ರಲ್ಲಿಯೇ ನಿವೃತ್ತಳಾಗಿದ್ದರೂ ಮಿಸೆಸ್ ಪೆಕೆಟ್ಟಳ ರಾತ್ರಿಯ ಭಯ, ಗ್ರೇಸಳ ತಳಮಳ, ಡೀಲಿಯಾಳ ನಿಶ್ಚಿಂತೆ ಇವುಗಳಲ್ಲಿ ಕೂದಲೆಳೆಯಷ್ಟೂ ಕಡಮೆಯಾಗುತ್ತಿರಲಿಲ್ಲ. ಕಡಮೆಯಾಗುತ್ತಿದ್ದುದು ಅವುಗಳನ್ನು ಹುಡುಕಿ ನೋಡುವವರ ಸಂಖ್ಯೆ ಮಾತ್ರ. ಅದು ನಟಿಯ ಕೊರತೆಯಲ್ಲ, ವಿಮರ್ಶಕರ ಕೊರತೆ.

ಈ ವಿಷಯದಲ್ಲಿ ಹಿಕ್ಸನ್ ಒಬ್ಬಳೇ ಅಲ್ಲ. ಕ್ಯಾಥ್ಲೀನ್ ಹ್ಯಾರಿಸನ್, ಐರೀನ್ ಹ್ಯಾಂಡ್ಲ್, ಥೋರಾ ಹರ್ಡ್ ಮೊದಲಾದ ಆಕೆಯ ಸಮಕಾಲೀನೆಯರೂ ಅಡಿಗೆಮನೆ ಹಿತ್ತಲುಗಳ ಪಾತ್ರಗಳಲ್ಲಿಯೇ ಬಹುಕಾಲ ದುಡಿದು, ಮುಪ್ಪಿನಲ್ಲಿ ದೂರದರ್ಶನದಿಂದ ಪ್ರಧಾನಸ್ಥಾನವನ್ನು ಪಡೆದರು. ಮನೆಯೊಳಗೆ ಬಂದು ಸಮೀಪದಿಂದ ಮಾತನಾಡುವ ಆ ಮಾಧ್ಯಮಕ್ಕೆ ಸಾಮಾನ್ಯರ ಮುಖವನ್ನು ಬಲ್ಲ ನಟಿಯರೇ ಬೇಕಾದರು. ಆ ಭಾಗ್ಯವೂ ದೊರೆಯದೆ ಹೋದ ನಟಿಯರು ಇವರಿಗಿಂತಲೂ ಬಹುಸಂಖ್ಯೆಯವರು. ಅವರ ನಟನೆಯು ಹಳೆಯ ಚಿತ್ರಗಳಲ್ಲಿ ಇನ್ನೂ ಉಳಿದಿರುವುದು. ನೋಡುವ ಕಣ್ಣು ಮಾತ್ರ ಬೇಕು. ಜಟಾಯುವಿಗೆ ರಾಜ್ಯವು ದೊರೆಯಲಿಲ್ಲವೆಂದು ಕವಿಯು ಅವನನ್ನು ಕಥೆಯಿಂದ ಬಿಡಲಿಲ್ಲ. ಅಭಿನಯದ ಚರಿತ್ರೆಯನ್ನು ಬರೆಯುವವರೂ ಈ ನ್ಯಾಯವನ್ನು ಅನುಸರಿಸಿ, ಪಟ್ಟಿಯ ಕೆಳಗಿನ ಹೆಸರುಗಳಿಗೂ ಅಧ್ಯಾಯಗಳನ್ನು ಮೀಸಲಿಡುವುದು ಕರ್ತವ್ಯವು.